ನೆಲಮಾಳಿಗೆಯ ಅಂಕಪಟ್ಟಿ

ಲಿಯೋನಾ ಹ್ರುಷ್ಕಾ ಆಟ ನೋಡುವುದಿಲ್ಲ.
ಇಪ್ಪತ್ತಾರು ವರ್ಷದಿಂದ, ನೆಬ್ರಾಸ್ಕಾದ ವೀಲರ್ ಫೋರ್ಕ್ ಕಾಲೇಜಿನ
ಗ್ಯಾಲರಿಯ ಅಡಿಯಲ್ಲೇ ಅವಳ ಕೋಣೆ:
ಮೂರು ವಾಷರ್, ಎರಡು ಡ್ರೈಯರ್,
ಒಂದು ಕಾಲು ಕುಂಟುವ ಇಸ್ತ್ರಿ ಮೇಜು.
ಮೇಲೆ ಎರಡು ಸಾವಿರ ಜನ ಒಟ್ಟಿಗೆ ಕುಣಿದರೆ
ಸೂರಿನ ಸುಣ್ಣ ಸೋಪಿನ ಪುಡಿಯ ಮೇಲೆ ಉದುರುತ್ತದೆ.
ಉದುರಿದರೆ ಆಟ ನಮ್ಮದು. ಉದುರದಿದ್ದರೆ ಅವರದು.

ಈ ವರ್ಷ ಸುಣ್ಣ ಅಷ್ಟಾಗಿ ಉದುರಲಿಲ್ಲ.

ಸೆಪ್ಟೆಂಬರಿನ ಮೊದಲ ಶನಿವಾರ, ಬಿಸಿಲು.
ಬುಟ್ಟಿ ತುಂಬ ಬೆವರು, ಹಸಿರು.
ಹುಲ್ಲಿನ ಕಲೆಗೆ ವಿನಿಗರ್,
ರಕ್ತಕ್ಕೆ ತಣ್ಣೀರೇ ಆಗಬೇಕು; ಬಿಸಿನೀರು ತಾಗಿತೋ
ರಕ್ತ ಬಟ್ಟೆಯಲ್ಲೇ ಮನೆ ಮಾಡುತ್ತದೆ.
ಎಪ್ಪತ್ತೊಂದು, ಸಮೋವಾದ ಹುಡುಗ ಟವೀಟ:
ಬೆನ್ನು ಶುಭ್ರ, ಎದೆಯೆಲ್ಲ ಮಣ್ಣು.
ಅಂದರೆ, ಬಿದ್ದಾಗಲೆಲ್ಲ ಮುಂದಕ್ಕೇ ಬಿದ್ದಿದ್ದಾನೆ.
ಹನ್ನೆರಡು, ಚೆಂಡೆಸೆಯುವ ಕಾಲ್ಡರ್:
ಬೆನ್ನಿಗೆ ಬೆನ್ನೇ ಹಸಿರು.
ಟವೀಟ ಒಬ್ಬನ ಕಾವಲು ಸಾಲದಾಯಿತು.
ಭಾನುವಾರದ ಪತ್ರಿಕೆ ಬರುವುದರೊಳಗೆ
ಆಟ ಪೂರ್ತಿ ಓದಿಯಾಗಿರುತ್ತದೆ ಅವಳಿಗೆ.

ಗಜ ಗಜ ನೆಲಕ್ಕಾಗಿ ಗುದ್ದಾಟ.
ಹತ್ತು ಗಜ ದಕ್ಕಿಸಿಕೊಳ್ಳಲು ನಾಲ್ಕು ಸಲ ಅವಕಾಶ,
ದಕ್ಕದಿದ್ದರೆ ಚೆಂಡು ಎದುರಾಳಿಗೆ.
ಗಂಡ ಮಿಲೋ ಹಿಂದೊಮ್ಮೆ ವಿವರಿಸಿದ್ದ,
ಊಟದ ಮೇಜಿನ ಮೇಲೆ ಉಪ್ಪಿನ ಡಬ್ಬಿ ಸರಿಸಿ ಸರಿಸಿ.
ನಾಲ್ಕು ಸಲವೇ! ಎಂದಿದ್ದಳು ಅವಳು,
ನನಗೆ ಯಾರು ಕೊಟ್ಟಿದ್ದರು ನಾಲ್ಕು?

ಮೊದಲನೆಯದು ಸೋತರು. ಎರಡನೆಯದೂ.
ಮೂರನೆಯದನ್ನು ಗೆದ್ದರು; ಸುಣ್ಣ ಬಿದ್ದ ಆ ಒಗೆತವನ್ನು
ಎರಡೆರಡು ಸಲ ಜಾಲಿಸಬೇಕಾಯಿತು.
ಆಮೇಲೆ ಅಯೋವಾದಲ್ಲಿ, ಮಿನೆಸೋಟಾದಲ್ಲಿ.
ಬಸ್ಸಿನ ಹೊಟ್ಟೆಯಲ್ಲಿ ಒದ್ದೆ ಬಟ್ಟೆ ಮುಗ್ಗಿ ಬಂದು
ಕೋಣೆಗೆಲ್ಲ ಸೋಲಿನ ವಾಸನೆ.
(ಗೆಲುವಿನ ವಾಸನೆಯೂ ಅದೇ. ಅವಳನ್ನು ಕೇಳಿ.)

ಇನ್ನು ಎಂಬತ್ತೆಂಟು.
ಎಮೆಟ್ ಪೊಸ್ಪಿಶಿಲ್, ಮೂರನೇ ವರ್ಷ.
ಹೋದ ಹಾಗೇ ಹಿಂದಿರುಗುವ ಅಂಗಿ,
ಮಡಿಸಿದ ಗೆರೆ ಕೂಡ ಅಳಿಸಿರುವುದಿಲ್ಲ.
ಆದರೂ ಒಗೆಯುತ್ತಾಳೆ, ಉಳಿದವುಗಳ ಜೊತೆಗೇ.
ಬೆಂಚಿನ ಮೇಲೆ ಕೂತವನೂ ಬೆವರುತ್ತಾನೆ,
ಅಂಗೈಯಲ್ಲಿ.

ಅಕ್ಟೋಬರಿನ ಕೊನೆಯ ಶನಿವಾರ
ಮಳೆ, ಆಮೇಲೆ ಮಳೆಯೋ ಹಿಮವೋ ತಿಳಿಯದ್ದು.
ಆಟದ ಮೂರನೇ ಕಾಲು. ಸೂರು ಸುಮ್ಮನಾಯಿತು.
ಸೋಲಿನ ಮೌನವಲ್ಲ; ಸೋಲುವವರು ಗೊಣಗುತ್ತಾರೆ,
ಕೆಮ್ಮುತ್ತಾರೆ, ಕಾಲೆಳೆದುಕೊಂಡು ಕಾರಿನತ್ತ ಹೊರಡುತ್ತಾರೆ.
ಇದು ಉಸಿರು ಬಿಗಿಹಿಡಿದದ್ದು.
ಡ್ರೈಯರ್ ನಿಲ್ಲಿಸಿ ನಿಂತಳು ಲಿಯೋನಾ,
ಕೈಯಲ್ಲಿ ಯಾರದೋ ಒಂಟಿ ಕಾಲುಚೀಲ.
ಒಂಬತ್ತು ನಿಮಿಷ.
ಆಮೇಲೆ ಆಂಬುಲೆನ್ಸು ಹಿಂದಕ್ಕೆ ಸರಿಯುವಾಗಿನ ಪೀಂ ಪೀಂ.

ಸಂಜೆ ಬುಟ್ಟಿ ಬಂತು.
ನಲವತ್ತೊಂದರ ಅಂಗಿ ಬೇರೆ ಚೀಲದಲ್ಲಿ,
ಎದೆಯ ನಟ್ಟನಡುವೆ ಕತ್ತರಿ ಓಡಿಸಿದ ಎರಡು ಹೋಳು.
ಉಳಿದ ಪ್ಯಾಂಟುಗಳನ್ನು
ಒಂದೊಂದಾಗಿ ದೀಪಕ್ಕೆ ಹಿಡಿದಳು:
ಪ್ರತಿಯೊಂದರ ಒಂದು ಮಂಡಿಯ ಮೇಲೆ
ಕೆಸರಿನ ದುಂಡು ಗುರುತು.
ಆಡಿದವರದೂ. ಆಡದವರದೂ.
ಎಂಬತ್ತೆಂಟರದೂ.
ಮಡಿಗೂ ಮಂಡಿಗೂ ನಡುವೆ ಒಂದೇ ಸೊನ್ನೆ;
ಆ ದಿನ ನಮ್ಮ ಅಂಕವೂ ಅಷ್ಟೇ.

ನವೆಂಬರ್, ಕೊನೆಯ ಆಟ.
ಇದ್ದಕ್ಕಿದ್ದಂತೆ ಸುಣ್ಣ ಸುರಿಯಿತು,
ತಲೆಗೆ, ಹೆಗಲಿಗೆ, ಮಡಿಸಿಟ್ಟ ಟವೆಲುಗಳಿಗೆ,
ಇಪ್ಪತ್ತಾರು ವರ್ಷದಲ್ಲಿ ಎಂದೂ ಇಲ್ಲದಷ್ಟು.
ಗೆದ್ದೆವಾ! ಎಂದು ಮೆಟ್ಟಿಲವರೆಗೆ ಓಡಿದಳು.
ಇಲ್ಲ, ಎಂದ ನೀರು ಹೊರುವ ಹುಡುಗ,
ಮೂವತ್ತೆಂಟು, ಆರು. ಆರು ನಮ್ಮದು.
ಮೈಕಿನಲ್ಲಿ ಹೇಳಿದರಷ್ಟೆ:
ಒಮಾಹಾದ ಆಸ್ಪತ್ರೆಯಲ್ಲಿ ನಲವತ್ತೊಂದು,
ನಮ್ಮ ಡೇನ್ ಓಕರ್ಲಂಡ್,
ಇವತ್ತು ಬೆಳಿಗ್ಗೆ ಕಾಲಿನ ಹೆಬ್ಬೆರಳು ಅಲುಗಿಸಿದನಂತೆ.

ಎರಡು ಗೆಲುವು, ಎಂಟು ಸೋಲು.
ಹೆಲ್ಮೆಟ್ಟುಗಳು ಪೆಟ್ಟಿಗೆ ಸೇರಿದವು,
ಅಂಗಿಗಳು ಕಪಾಟು.
ಎಂಬತ್ತೆಂಟರ ಪ್ಯಾಂಟೊಂದು ಇನ್ನೂ ಹೊರಗಿದೆ.
ಮಂಡಿಯ ಆ ಗುರುತನ್ನು ಅವಳು
ತಣ್ಣೀರಲ್ಲಿ ಉಜ್ಜಿದಳು, ಬಿಸಿನೀರಲ್ಲಿ ಉಜ್ಜಿದಳು,
ವಿನಿಗರ್ ಹಾಕಿ, ಬ್ರಷ್ ಹಾಕಿ.
ನಾಲ್ಕೂ ಮುಗಿದವು.
ಇನ್ನು ಚೆಂಡು ಕೆಸರಿನದು.